ಕೆಲಸದ ಪಟ್ಟಿ ಮನೆ ಬದಲಿಸಿದಾಗ

2024ರ ಮೇ 6, ಸೋಮವಾರ. ಬೇಸಿಗೆ ರಜೆಯ ದಿನ. ಬೆಳಗ್ಗೆ ಒಂಬತ್ತರ ಸುಮಾರಿಗೆ ಫೋನ್ ಬಂತು. ಮಾತನಾಡಿದವರು ಆರ್.ಟಿ. ನಗರದ ನಮ್ಮ ಗೆಳೆಯರು, ಬ್ಯಾಂಕ್ ಕೆಲಸದಿಂದ ನಿವೃತ್ತರಾದವರು. ಯಲಹಂಕದ ಶಾಲೆಯೊಂದರ ಗೇಟಿನ ಮುಂದೆ ನಿಂತಿದ್ದರು. ಪಕ್ಕದಲ್ಲಿ ಒಂದು ಗೂಡ್ಸ್ ಆಟೊ, ಅದರೊಳಗೆ ಮೂವತ್ತು ಹೊಂಗೆ ಸಸಿ.

‘ಏನ್ ಮೇಷ್ಟ್ರೇ, ಗೇಟಿಗೆ ಬೀಗ ಹಾಕಿದೆ. ಮಕ್ಕಳೆಲ್ಲಿ?’

‘ಯಾವ ಮಕ್ಕಳು ಸಾರ್?’

‘ಇವತ್ತು ಸಸಿ ತಲುಪಿಸಬೇಕು ಅಂತ ಬೆಳಗ್ಗೆ ಆರು ಗಂಟೆಗೆ ನನ್ನನ್ನ ಎಬ್ಬಿಸಿದ್ದು ನಿಮ್ಮ ತಂತ್ರಾಂಶವೇ ಅಲ್ವಾ?’

ಸಸಿ ತಲುಪಿಸಬೇಕಾಗಿದ್ದುದು ಜೂನ್ 5ರಂದು, ವಿಶ್ವ ಪರಿಸರ ದಿನಕ್ಕೆ. ಸರಿಯಾಗಿ ಒಂದು ತಿಂಗಳು ಮೊದಲೇ ಅವು ಬಂದಿಳಿದಿದ್ದವು. ಆ ಬೇಸಿಗೆಯನ್ನು ಬೆಂಗಳೂರಿನವರು ಮರೆತಿರಲಾರರು. ಕೊಳವೆಬಾವಿಗಳು ಬತ್ತಿ, ಟ್ಯಾಂಕರಿನ ಹಿಂದೆ ಜನ ಕೊಡ ಹಿಡಿದು ಓಡಿದ ಕಾಲ ಅದು. ಅಂಥ ಬಿಸಿಲಿನಲ್ಲಿ ಮೂವತ್ತು ಸಸಿಗಳನ್ನು ಒಂದು ತಿಂಗಳು ಬದುಕಿಸಿಕೊಳ್ಳುವ ಕೆಲಸ ನನ್ನ ತಲೆಗೇ ಬಂತು. ತಪ್ಪೂ ನನ್ನದೇ ಆಗಿತ್ತು ಎನ್ನಿ. ಎಂಟು ದಿನ ಮುಂಚೆ, ನಮ್ಮ ತಂಡದ ಕೆಲಸದ ಪಟ್ಟಿಯನ್ನೆಲ್ಲ ಹಳೆಯ ತಂತ್ರಾಂಶದಿಂದ ಹೊಸದಕ್ಕೆ ಸಾಗಿಸಿದವನು ನಾನು.

ನಮ್ಮ ತಂಡ ದೊಡ್ಡದೇನಲ್ಲ. ಯಲಹಂಕ, ಹೆಬ್ಬಾಳ, ಯಶವಂತಪುರದ ಕಡೆಯ ನಾಲ್ವರು ವಿಜ್ಞಾನ ಶಿಕ್ಷಕರು, ಒಬ್ಬ ಪ್ರಯೋಗಾಲಯ ಸಹಾಯಕರು, ಜೊತೆಗೆ ಲೆಕ್ಕಪತ್ರ ನೋಡಿಕೊಳ್ಳುವ ಈ ಬ್ಯಾಂಕ್ ಗೆಳೆಯರು. ವರ್ಷಕ್ಕೆ ನಾಲ್ಕು ಬಾರಿ ಮಕ್ಕಳನ್ನು ಕರೆದುಕೊಂಡು ಸುತ್ತಮುತ್ತಲ ಮೂರು ಕೆರೆಗಳ ನೀರಿನ ಮಾದರಿ ತೆಗೆಯುತ್ತೇವೆ, ಪರೀಕ್ಷಿಸುತ್ತೇವೆ. ಫೆಬ್ರುವರಿ 28ರ ವಿಜ್ಞಾನ ದಿನಕ್ಕೆ ಒಂದು ವಸ್ತುಪ್ರದರ್ಶನ ಮಾಡುತ್ತೇವೆ. ಇಷ್ಟಕ್ಕೇ ಎಷ್ಟೊಂದು ಚಿಲ್ಲರೆ ಕೆಲಸ! ಪೋಷಕರ ಒಪ್ಪಿಗೆ ಪತ್ರ, ವ್ಯಾನು, ಬಾಟಲಿ, ರಾಸಾಯನಿಕ, ಮಜ್ಜಿಗೆ, ಬಿಸ್ಕತ್ತು. ಮೊದಲು ಇದನ್ನೆಲ್ಲ ಇನ್ನೂರು ಪುಟದ ಒಂದು ನೋಟ್‌ಬುಕ್ಕಿನಲ್ಲಿ ಬರೆಯುತ್ತಿದ್ದೆವು. ನಂತರ ಎಕ್ಸೆಲ್ ಬಂತು. ಆಮೇಲೆ ಅಂತರ್ಜಾಲದಲ್ಲಿ ಬಿಟ್ಟಿ ಸಿಗುತ್ತಿದ್ದ ಒಂದು ಪ್ರಾಜೆಕ್ಟ್ ಮ್ಯಾನೇಜ್‌ಮೆಂಟ್ ತಂತ್ರಾಂಶವನ್ನು ಹಿಡಿದೆವು.

ಹೆಸರು ಕೇಳಿ ಗಾಬರಿಯಾಗಬೇಡಿ. ಮದುವೆಮನೆಯಲ್ಲಿ ಹಿರಿಯರೊಬ್ಬರು ಜೇಬಿನಲ್ಲಿಟ್ಟುಕೊಳ್ಳುವ ಪಟ್ಟಿ ಇದೆಯಲ್ಲ, ಅದೇ ಇದು. ಯಾವ ಕೆಲಸ, ಯಾರ ಮೇಲೆ, ಯಾವ ದಿನಕ್ಕೆ, ಆಯಿತೋ ಇಲ್ಲವೋ. ಅಮೆರಿಕದ ಇಂಜಿನಿಯರ್ ಹೆನ್ರಿ ಗ್ಯಾಂಟ್ ನೂರು ವರ್ಷಕ್ಕೂ ಹಿಂದೆ ಇದನ್ನು ಪಟ್ಟೆಪಟ್ಟೆಯ ನಕ್ಷೆಯಾಗಿ ಬರೆದು ತೋರಿಸಿದರು. ಜಪಾನಿನ ಟೊಯೋಟ ಕಾರ್ಖಾನೆಯವರು ಚೀಟಿಗಳನ್ನು ಬಳಸಿದರು. ಅದಕ್ಕೆ ಕಾನ್‌ಬಾನ್ ಎಂದು ಹೆಸರು, ಜಪಾನಿ ಭಾಷೆಯಲ್ಲಿ ಫಲಕ ಎಂದರ್ಥ. ಇವತ್ತಿನ ತಂತ್ರಾಂಶಗಳಲ್ಲಿ ಕಾಣುವ ಚೌಕ ಚೌಕದ ಚೀಟಿಗಳು ಆ ಕಾರ್ಖಾನೆಯಿಂದ ಬಂದವು. ಚೀಟಿಯ ಕೆಳಗೆ ತಂಡದವರು ಟಿಪ್ಪಣಿ ಬರೆಯಬಹುದು, ಫೋಟೊ ಅಂಟಿಸಬಹುದು. ಈ ಟಿಪ್ಪಣಿಯ ವಿಷಯ ನೆನಪಿನಲ್ಲಿಡಿ, ಮುಂದೆ ಬರುತ್ತದೆ.

2024ರ ಜನವರಿಯಲ್ಲಿ ಆ ಕಂಪನಿಯಿಂದ ಒಂದು ಪತ್ರ ಬಂತು. ‘ನಿಮ್ಮೊಂದಿಗಿನ ಪಯಣ ಸಂತೋಷದಾಯಕವಾಗಿತ್ತು’ ಎಂದು ಶುರುವಾಗುವ ಪತ್ರ. ಹೀಗೆ ಶುರುವಾದರೆ ಮುಂದಿನ ಸಾಲು ಏನಿರುತ್ತದೆಂದು ಬಾಡಿಗೆ ಮನೆಯಲ್ಲಿದ್ದ ಯಾರಿಗಾದರೂ ಗೊತ್ತು. ಏಪ್ರಿಲ್ 30ರ ನಂತರ ಹೊಸದೇನನ್ನೂ ಬರೆಯಲಾಗದು, ಮೇ 31ರ ತನಕ ಹಳೆಯದನ್ನು ಇಳಿಸಿಕೊಳ್ಳಬಹುದು, ಆಮೇಲೆ ಎಲ್ಲ ಅಳಿಸಲಾಗುತ್ತದೆ. ಕಂಪನಿಯ ಹೆಸರು ಇಲ್ಲಿ ಬೇಡ. ಇಂಥದು ಅದೊಂದರಲ್ಲೇ ಆದದ್ದೂ ಅಲ್ಲ. ಲಕ್ಷಾಂತರ ಜನ ಬಳಸುತ್ತಿದ್ದ ವಂಡರ್‌ಲಿಸ್ಟ್ ಎಂಬ ಕೆಲಸಪಟ್ಟಿಯನ್ನು ಮೈಕ್ರೋಸಾಫ್ಟ್ 2015ರಲ್ಲಿ ಕೊಂಡು 2020ರ ಮೇ 6ರಂದು ಮುಚ್ಚಿತು. ತಂತ್ರಾಂಶ ಬರೆಯುವವರೇ ಮೆಚ್ಚಿ ಬಳಸುತ್ತಿದ್ದ ಪಿವೋಟಲ್ ಟ್ರ್ಯಾಕರ್ 2025ರ ಏಪ್ರಿಲ್ 30ರಂದು ಕಣ್ಣು ಮುಚ್ಚಿತು.

ನಾವು ಮಾಡಿದ್ದೇನು? ಮಾರ್ಚ್ ತಿಂಗಳೆಲ್ಲ ಪರೀಕ್ಷೆ. ಏಪ್ರಿಲ್‌ನಲ್ಲಿ ಎಸ್ಸೆಸ್ಸೆಲ್ಸಿ ಮೌಲ್ಯಮಾಪನ. 26ರಂದು ಲೋಕಸಭೆಗೆ ಮತದಾನ, ಮೇಷ್ಟ್ರುಗಳಿಗೆ ಮತಗಟ್ಟೆಯ ಕೆಲಸ. ಅದನ್ನೆಲ್ಲ ಮುಗಿಸಿ, ಎರಡು ದಿನ ಬಾಕಿ ಇದ್ದಾಗ, 28ರ ಭಾನುವಾರ ರಾತ್ರಿ ನಾನು ಗಂಟು ಕಟ್ಟಲು ಕೂತೆ. ಹಳೆಯ ತಂತ್ರಾಂಶದಲ್ಲಿ ಒಂದು ಗುಂಡಿ ಒತ್ತಿದರೆ ಪಟ್ಟಿಯೆಲ್ಲ ಕಡತವೊಂದಕ್ಕೆ ಇಳಿಯುತ್ತದೆ, ಹೊಸದರಲ್ಲಿ ಇನ್ನೊಂದು ಗುಂಡಿ ಒತ್ತಿದರೆ ಏರುತ್ತದೆ. ಹದಿನೈದು ನಿಮಿಷದ ಕೆಲಸ. ‘ನಾನೂರಕ್ಕೂ ಹೆಚ್ಚು ಕೆಲಸಗಳು ಯಶಸ್ವಿಯಾಗಿ ಸೇರಿವೆ’ ಎಂದು ಹಸಿರು ಅಕ್ಷರದಲ್ಲಿ ಬಂತು. ನಾನು ದೀಪ ಆರಿಸಿ ಮಲಗಿದೆ.

<b>ನೂರ ಮೂವತ್ತೆರಡು ದಿನಗಳ ಲೆಕ್ಕ</b>

ಹಸಿರು ಅಕ್ಷರ ಸುಳ್ಳು ಹೇಳಿರಲಿಲ್ಲ. ಕೆಲಸಗಳೆಲ್ಲ ಸೇರಿದ್ದವು. ಆದರೆ ಹಳೆಯದು ತಾರೀಖನ್ನು ನಾವು ಬರೆಯುವಂತೆ ದಿನ, ತಿಂಗಳು, ವರ್ಷ ಎಂದು ಬರೆದಿತ್ತು. ಹೊಸದು ಅಮೆರಿಕದವರ ಪದ್ಧತಿಯಂತೆ ತಿಂಗಳು, ದಿನ, ವರ್ಷ ಎಂದು ಓದಿತ್ತು. 05/06/2024 ಎಂಬುದು ನಮಗೆ ಜೂನ್ 5, ಅದಕ್ಕೆ ಮೇ 6.

ಇದರಲ್ಲೊಂದು ಸ್ವಾರಸ್ಯದ ಗಣಿತವಿದೆ, ಏಳನೇ ತರಗತಿ ಮಕ್ಕಳಿಗೆ ಕೊಡಬಹುದಾದದ್ದು. ಹೀಗೆ ತಿರುಗುಮುರುಗಾಗಬಲ್ಲ ದಿನಗಳು ವರ್ಷದಲ್ಲಿ ಎಷ್ಟು? ಪ್ರತಿ ತಿಂಗಳ 1ರಿಂದ 12ರವರೆಗಿನ ದಿನಗಳು, ಅಂದರೆ 12 ಬಾರಿ 12, ಒಟ್ಟು 144. ಅವುಗಳಲ್ಲಿ ಜನವರಿ 1, ಫೆಬ್ರುವರಿ 2, ಮಾರ್ಚ್ 3 ಹೀಗೆ ಹನ್ನೆರಡು ದಿನಗಳು ತಿರುಗಿಸಿದರೂ ಅವೇ. ಉಳಿದ 132 ದಿನಗಳು ತಪ್ಪು ದಿನವಾಗಿ ಬದಲಾಗುತ್ತವೆ. 12ರ ನಂತರದ ದಿನಗಳ ಗತಿಯೇನು? ಹದಿಮೂರನೇ ತಿಂಗಳು ಇಲ್ಲವಲ್ಲ, ಹಾಗಾಗಿ ತಂತ್ರಾಂಶ ಅವನ್ನು ಅರ್ಥವಾಗದ್ದೆಂದು ಖಾಲಿ ಬಿಟ್ಟಿತ್ತು. ಫೆಬ್ರುವರಿ 28ರ ವಸ್ತುಪ್ರದರ್ಶನಕ್ಕೆ ತಾರೀಖೇ ಇರಲಿಲ್ಲ. ಖಾಲಿ ಬಿಟ್ಟದ್ದು ಕಣ್ಣಿಗೆ ಕಾಣುತ್ತದೆ, ತಿದ್ದಬಹುದು. ಕಾಣದಿರುವುದು ಆ 132. ಅವು ನೋಡಲು ಸರಿಯಾದ ತಾರೀಖಿನಂತೆಯೇ ಇರುತ್ತವೆ.

ಈ ಗೊಂದಲಕ್ಕೆ ಪರಿಹಾರ 1988ರಿಂದಲೇ ಇದೆ. ಐಎಸ್‌ಒ 8601 ಎಂಬ ಅಂತರರಾಷ್ಟ್ರೀಯ ಮಾನಕದ ಪ್ರಕಾರ ಮೊದಲು ವರ್ಷ, ಆಮೇಲೆ ತಿಂಗಳು, ಕೊನೆಗೆ ದಿನ: 2024-06-05. ಯಾರು ಓದಿದರೂ ಒಂದೇ. ನಾನು ಮಕ್ಕಳಿಗೆ ಮೀಟರು, ಕಿಲೋಗ್ರಾಮುಗಳ ಮಾನಕವನ್ನು ಮೂವತ್ತು ವರ್ಷದಿಂದ ಹೇಳಿಕೊಡುತ್ತಿದ್ದೇನೆ. ತಾರೀಖಿಗೂ ಒಂದು ಮಾನಕವಿದೆ ಎಂಬುದು ಮೂವತ್ತು ಸಸಿ ಬಂದಿಳಿದ ಮೇಲೆ ನೆನಪಾಯಿತು!

ಇನ್ನೊಂದು ತಮಾಷೆ ಕೇಳಿ. ಎಕ್ಸೆಲ್ ಒಳಗೆ ತಾರೀಖು ಎಂಬುದು ಬರೀ ಒಂದು ಸಂಖ್ಯೆ, 1900ರ ಜನವರಿ 1 ಎಂದರೆ 1. ಈ ಎಣಿಕೆಯಲ್ಲಿ 60ನೆಯ ದಿನ 1900ರ ಫೆಬ್ರುವರಿ 29. ಅಂಥ ದಿನ ಬಂದೇ ಇಲ್ಲ; 1900ನ್ನು 400ರಿಂದ ಭಾಗಿಸಲಾಗದ ಕಾರಣ ಅದು ಅಧಿಕ ವರ್ಷವಲ್ಲ. ಅದಕ್ಕೂ ಮುಂಚಿನ ಲೋಟಸ್ 1-2-3 ಎಂಬ ತಂತ್ರಾಂಶದಲ್ಲಿದ್ದ ತಪ್ಪು ಇದು. ಲೋಟಸ್ ಕಡತಗಳು ಎಕ್ಸೆಲ್‌ಗೆ ಬಂದಾಗ ಲೆಕ್ಕ ತಪ್ಪದಿರಲೆಂದು ಬೇಕೆಂದೇ ಆ ತಪ್ಪನ್ನೂ ಹೊತ್ತು ತಂದರು. ಇವತ್ತಿಗೂ ಅದು ಅಲ್ಲೇ ಇದೆ. ಮನೆ ಬದಲಿಸುವಾಗ ಸಾಮಾನಿನ ಜೊತೆ ಬರುವ ತಿಗಣೆಯ ಹಾಗೆ.

ನಮ್ಮ ಬಾಟಲಿಗಳ ಗತಿಯೂ ಇದೇ ಆಯಿತು. ಮೂರನೇ ಕೆರೆಯ ಎರಡನೇ ಮಾದರಿಯ ಬಾಟಲಿಗೆ ‘3-2’ ಎಂದು ಹೆಸರು. ಇಳಿಸಿದ ಕಡತ ಸರಿಯಿದೆಯೇ ನೋಡೋಣವೆಂದು ಎಕ್ಸೆಲ್‌ನಲ್ಲಿ ತೆರೆದು ಉಳಿಸಿದ್ದೆ. ಅಷ್ಟಕ್ಕೇ ಅದು ಬಾಟಲಿಯನ್ನು ಫೆಬ್ರುವರಿ 3 ಎಂದು ಬದಲಾಯಿಸಿತ್ತು. 080ರಿಂದ ಶುರುವಾಗುವ ಶಾಲೆಗಳ ದೂರವಾಣಿ ಸಂಖ್ಯೆಗಳ ಮೊದಲ ಸೊನ್ನೆಯೂ ಹಾರಿಹೋಗಿತ್ತು. ನನಗೆ ನಾಚಿಕೆಯಾಯಿತು, ಆದರೆ ಜೊತೆಗೆ ದೊಡ್ಡವರಿದ್ದಾರೆಂದು ತಿಳಿದಾಗ ತುಸು ಸಮಾಧಾನವೂ ಆಯಿತು. ಮನುಷ್ಯನ ವಂಶವಾಹಿಗಳಲ್ಲಿ ‘ಮಾರ್ಚ್1’, ‘ಸೆಪ್ಟ್2’ ಎಂಬ ಹೆಸರಿನವು ಇದ್ದವು. ಎಕ್ಸೆಲ್ ಅವನ್ನೂ ತಾರೀಖು ಮಾಡುತ್ತಿತ್ತು. 2016ರಲ್ಲಿ ಪ್ರಕಟವಾದ ಒಂದು ಅಧ್ಯಯನದ ಪ್ರಕಾರ, ವಂಶವಾಹಿ ಪಟ್ಟಿಗಳನ್ನು ಎಕ್ಸೆಲ್‌ನಲ್ಲಿ ಕೊಟ್ಟಿದ್ದ ಸಂಶೋಧನ ಪ್ರಬಂಧಗಳಲ್ಲಿ ಸುಮಾರು ಐದರಲ್ಲೊಂದರಲ್ಲಿ ಈ ತಪ್ಪು ನುಸುಳಿತ್ತು. ಕೊನೆಗೆ 2020ರಲ್ಲಿ ವಿಜ್ಞಾನಿಗಳು ಸೋತು ವಂಶವಾಹಿಗಳ ಹೆಸರನ್ನೇ ಬದಲಿಸಿದರು. ತಂತ್ರಾಂಶ ಬದಲಾಗಲಿಲ್ಲ, ಜೀವಶಾಸ್ತ್ರ ಬದಲಾಯಿತು. 2023ರಲ್ಲಷ್ಟೇ ಮೈಕ್ರೋಸಾಫ್ಟ್ ಈ ತಾನೇತಾನಾಗಿ ಬದಲಿಸುವ ಚಾಳಿಯನ್ನು ನಿಲ್ಲಿಸಲು ಒಂದು ಆಯ್ಕೆ ಕೊಟ್ಟಿತು.

<b>ಅಟ್ಟದ ಮೇಲಿನ ಕನ್ನಡ</b>

ಹೇಗೂ ಗಂಟು ಕಟ್ಟುತ್ತಿದ್ದೇವೆ, ಅಟ್ಟದ ಮೇಲಿನದನ್ನೂ ಇಳಿಸೋಣ ಎಂದು ಹಳೆಯ ಎಕ್ಸೆಲ್ ಪಟ್ಟಿಗಳನ್ನೂ ಹೊಸ ತಂತ್ರಾಂಶಕ್ಕೆ ಸೇರಿಸಲು ಹೊರಟಿದ್ದೆ. ಅವೆಲ್ಲ ‘ನುಡಿ’ಯಲ್ಲಿ ಟೈಪ್ ಮಾಡಿದವು. ಕನ್ನಡ ಗಣಕ ಪರಿಷತ್ತು ರೂಪಿಸಿದ ನುಡಿ, ಶೇಷಾದ್ರಿವಾಸು ಅವರ ‘ಬರಹ’, ಕೆ.ಪಿ. ರಾವ್ ಅವರ ಕೀಲಿಮಣೆ ವಿನ್ಯಾಸ ಇವುಗಳ ಋಣ ನಮ್ಮ ಮೇಲೆ ಬಹಳವಿದೆ. ಇವಿಲ್ಲದಿದ್ದರೆ ನಮ್ಮ ಶಾಲೆಗಳ ಪ್ರಶ್ನೆಪತ್ರಿಕೆಗಳು ಇನ್ನೂ ಕೈಬರಹದಲ್ಲೇ ಇರುತ್ತಿದ್ದವೋ ಏನೋ. ಆದರೆ ಹಳೆಯ ನುಡಿ ಕಡತದಲ್ಲಿ ಕಂಪ್ಯೂಟರಿನ ಪಾಲಿಗೆ ಇರುವುದು ಕನ್ನಡವಲ್ಲ, ರೋಮನ್ ಅಕ್ಷರ ಮತ್ತು ಚಿಹ್ನೆಗಳು. ಅವುಗಳ ಮೇಲೆ ಕನ್ನಡದ ವೇಷ ಹಾಕುವುದು ಫಾಂಟು. ವೇಷ ಕಳಚಿದರೆ ಉಳಿಯುವುದು ಅರ್ಥವಿಲ್ಲದ ಅಕ್ಷರಗಳ ರಾಶಿ. ಹೊಸ ತಂತ್ರಾಂಶದಲ್ಲಿ ಕಂಡದ್ದು ಆ ರಾಶಿಯೇ.

ಯೂನಿಕೋಡ್‌ನಲ್ಲಿ ಹಾಗಲ್ಲ, 1991ರ ಮೊದಲ ಆವೃತ್ತಿಯಿಂದಲೇ ಕನ್ನಡಕ್ಕೆ ತನ್ನದೇ 128 ಮನೆಗಳ ಬೀದಿಯಿದೆ. ಪರಿವರ್ತಕಗಳ ಮೂಲಕ ಹಳೆಯದನ್ನು ಈ ಬೀದಿಗೆ ತರಬಹುದು. ತಂದಾಗ ಪೆಟ್ಟು ಬೀಳುವುದು ಅರ್ಕಾವತ್ತಿಗೆ. ಬರೆಯುವಾಗ ಅದು ಅಕ್ಷರದ ನಂತರ ಬರುತ್ತದೆ, ಉಚ್ಚಾರದಲ್ಲಿ ಮೊದಲು. ನುಡಿ ಬರೆಯುವ ಕ್ರಮದಲ್ಲಿ ಇಡುತ್ತಿತ್ತು, ಯೂನಿಕೋಡ್ ಉಚ್ಚಾರದ ಕ್ರಮದಲ್ಲಿ ಇಡುತ್ತದೆ. ಪರಿವರ್ತಕ ಎಡವಿದರೆ ‘ಕರ್ನಾಟಕ’ ಹೋಗಿ ‘ಕನರ್ಾಟಕ’ ಆಗುತ್ತದೆ. ಅಂತರ್ಜಾಲದಲ್ಲಿ ಇದನ್ನು ನೀವೂ ಕಂಡಿರುತ್ತೀರಿ. ನಮ್ಮ ಪಟ್ಟಿಯಲ್ಲಿ ‘ವಿದ್ಯಾರ್ಥಿ’ಗಳೆಲ್ಲ ಕೈಕಾಲು ಮುರಿದುಕೊಂಡು ನಿಂತಿದ್ದರು.

ಯೂನಿಕೋಡ್‌ನಲ್ಲೇ ಇದ್ದ ಹೊಸ ಪಟ್ಟಿಗಳಿಗೂ ಬೇರೊಂದು ವಿಪತ್ತು ಬಂತು. ಒಂದು ಕನ್ನಡ ಅಕ್ಷರವನ್ನು ಕಡತದಲ್ಲಿಡಲು ಸಾಮಾನ್ಯವಾಗಿ ಮೂರು ಬೈಟ್ ಬೇಕು. ತೆರೆಯುವ ತಂತ್ರಾಂಶ ಅದನ್ನು ಇಂಗ್ಲಿಷ್ ಎಂದುಕೊಂಡರೆ ಮೂರನ್ನೂ ಬಿಡಿಸಿ ಓದುತ್ತದೆ. ಆಗ ನಮ್ಮ ‘ಕ’ ಏನಾಗುತ್ತದೆ ಗೊತ್ತೇ? ನೆತ್ತಿಯ ಮೇಲೆ ಓರೆಗೆರೆ ಹೊತ್ತ ಒಂದು ರೋಮನ್ ‘ಎ’, ಗಣಿತದ ವರ್ಗದ ಚಿಹ್ನೆಯಾದ ಪುಟ್ಟ 2, ಕೊನೆಗೊಂದು ಕಪ್ಪು ಬೊಟ್ಟು. ಇಡೀ ಪಟ್ಟಿಯಲ್ಲಿ ವರ್ಗದ ಚಿಹ್ನೆಗಳು ಚೆಲ್ಲಾಡಿದ್ದನ್ನು ನೋಡಿ ನಮ್ಮ ಗಣಿತದ ಮೇಡಂ ‘ಇದು ಯಾವ ಸಮೀಕರಣ ಸಾರ್?’ ಎಂದರು. ಕಡತ ತೆರೆಯುವಾಗ ‘ಯುಟಿಎಫ್-8’ ಎಂದು ಆರಿಸಿದರೆ ಇದು ಸರಿಹೋಗುತ್ತದೆ. ಆ ಒಂದು ಆಯ್ಕೆಗಾಗಿ ಎರಡು ಸಂಜೆ ಹೋದವು.

<b>ಮೇಷ್ಟ್ರ ಟಿಪ್ಪಣಿ</b>

ಇಷ್ಟೆಲ್ಲ ಆದರೂ ಇವು ತಿದ್ದಬಹುದಾದ ತಪ್ಪುಗಳು. ನಿಜವಾಗಿ ನಮ್ಮನ್ನು ನಡುಗಿಸಿದ್ದು ಬೇರೆ.

ನಮ್ಮ ತಂಡ ಕಟ್ಟಿದವರು ಒಬ್ಬ ಹಿರಿಯ ರಸಾಯನಶಾಸ್ತ್ರದ ಮೇಷ್ಟ್ರು. 2021ರ ಕೋವಿಡ್ ಎರಡನೇ ಅಲೆಯಲ್ಲಿ ಅವರು ತೀರಿಕೊಂಡರು. ಪ್ರತಿ ಕೆಲಸದ ಚೀಟಿಯ ಕೆಳಗೂ ಎರಡು ಸಾಲು ಬರೆಯುವುದು ಅವರ ಅಭ್ಯಾಸ. ‘ಈ ಅಂಗಡಿಯ ಪಿಎಚ್ ಕಾಗದ ತರಬೇಡಿ, ತೇವ ಹಿಡಿದಿರುತ್ತೆ’, ‘ಈ ಮೆಟ್ಟಿಲಲ್ಲಿ ಪಾಚಿ, ಚಿಕ್ಕ ಮಕ್ಕಳನ್ನ ಇಳಿಸಬೇಡಿ’ ಇಂಥವು. ಹೊಸ ತಂತ್ರಾಂಶದಲ್ಲಿ ಅವರ ಚೀಟಿಗಳಿದ್ದವು, ಕೆಳಗೆ ಟಿಪ್ಪಣಿ ಒಂದೂ ಇರಲಿಲ್ಲ.

ಅವುಗಳಲ್ಲೊಂದು ಟಿಪ್ಪಣಿಯ ಕಥೆ ಹೇಳಬೇಕು. ನೀರಿನಲ್ಲಿ ಕರಗಿದ ಆಮ್ಲಜನಕವನ್ನು ಅಳೆಯಲು ನಾವು ವಿಂಕ್ಲರ್ ವಿಧಾನ ಬಳಸುತ್ತೇವೆ. 200 ಮಿಲಿಲೀಟರ್ ಮಾದರಿಗೆ 0.025 ನಾರ್ಮಲ್ ಸಾಮರ್ಥ್ಯದ ಥಯೋಸಲ್ಫೇಟ್ ದ್ರಾವಣ ಬಳಸಿದರೆ ಲೆಕ್ಕ ಸುಲಭ. ಎಷ್ಟು ಮಿಲಿಲೀಟರ್ ದ್ರಾವಣ ಬಿತ್ತೋ ಅಷ್ಟೇ ಮಿಲಿಗ್ರಾಂ ಆಮ್ಲಜನಕ ಒಂದು ಲೀಟರಿಗೆ. ಒಂದು ವರ್ಷ ದ್ರಾವಣ ತಯಾರಿಸುವಾಗ ಅದು 0.02 ಆಗಿಬಿಟ್ಟಿತ್ತು. ಅದನ್ನು ಪತ್ತೆ ಮಾಡಿದ ಮೇಷ್ಟ್ರು ಪಟ್ಟಿಯ ಅಂಕಿಗಳನ್ನು ತಿದ್ದಲಿಲ್ಲ. ಮಕ್ಕಳು ಬರೆದ ಮೂಲ ಅಂಕಿ ಹಾಗೇ ಇರಬೇಕು ಎಂಬುದು ಅವರ ಕಟ್ಟುನಿಟ್ಟು. ಕೆಳಗೆ ಟಿಪ್ಪಣಿ ಬರೆದರು: ಈ ವರ್ಷದ ಎಲ್ಲ ಅಂಕಿಗಳನ್ನೂ 0.8ರಿಂದ ಗುಣಿಸಿ.

ಆ ಟಿಪ್ಪಣಿ ಕಳೆದರೆ ಏನಾಗುತ್ತದೆ ನೋಡಿ. ಪಟ್ಟಿಯಲ್ಲಿ ಒಂದು ಕೆರೆಗೆ 4.5 ಎಂದಿದೆ. ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿಯ ವರ್ಗೀಕರಣದಲ್ಲಿ ಮೀನು ಮತ್ತು ವನ್ಯಜೀವಿಗಳಿಗೆ ತಕ್ಕ ನೀರಿನಲ್ಲಿ ಲೀಟರಿಗೆ ಕನಿಷ್ಠ 4 ಮಿಲಿಗ್ರಾಂ ಆಮ್ಲಜನಕವಿರಬೇಕು. 4.5 ಎಂದರೆ ಕೆರೆ ಪಾಸು. 0.8ರಿಂದ ಗುಣಿಸಿದರೆ 3.6, ಕೆರೆ ನಪಾಸು. ಅಂಕಿ ಸಾಗಿ ಬಂದಿತ್ತು, ಅದರ ಸತ್ಯ ಹಳೆಯ ಮನೆಯಲ್ಲೇ ಉಳಿದಿತ್ತು. ಆ ಪಟ್ಟಿಯನ್ನು ನಾನು ಆಗಲೇ ಒಬ್ಬ ವಿದ್ಯಾರ್ಥಿನಿಗೆ ನಕ್ಷೆ ಬರೆಯಲು ಕಳಿಸಿಯೂ ಆಗಿತ್ತು!

ಮಾನ್ಯತಾ ಟೆಕ್ ಪಾರ್ಕಿನಲ್ಲಿ ಕೆಲಸ ಮಾಡುವ ನನ್ನ ಹಳೆಯ ವಿದ್ಯಾರ್ಥಿಯೊಬ್ಬನಿಗೆ ಫೋನ್ ಮಾಡಿದೆ. ಶನಿವಾರ ಮನೆಗೆ ಬಂದ. ‘ಸಾರ್, ನೀವು ಇಳಿಸಿಕೊಂಡದ್ದು ಸಿಎಸ್‌ವಿ. ಅದರಲ್ಲಿ ಸಾಲು ಮತ್ತು ಕಂಬ ಮಾತ್ರ. ಒಂದು ಕೆಲಸಕ್ಕೆ ಹತ್ತು ಟಿಪ್ಪಣಿ ಇದ್ದರೆ ಅದರಲ್ಲಿ ಇಡೋಕೆ ಜಾಗ ಎಲ್ಲಿದೆ? ಜೆಸನ್ ಅಂತ ಇನ್ನೊಂದು ನಮೂನೆ ಇರುತ್ತೆ, ಅದನ್ನ ಇಳಿಸಿಕೊಳ್ಳಬೇಕಿತ್ತು’ ಎಂದ. ಅದು ಮರದ ಹಾಗೆ; ಕೆಲಸದಿಂದ ಕೊಂಬೆ, ಕೊಂಬೆಯಿಂದ ಟಿಪ್ಪಣಿ. ಇಳಿಸಿದೆವು. ಟಿಪ್ಪಣಿಗಳೆಲ್ಲ ಇದ್ದವು. ಮೇಷ್ಟ್ರ ಖಾತೆ ಮುಚ್ಚಿದ್ದರಿಂದ ಅವರ ಹೆಸರಿನ ಜಾಗದಲ್ಲಿ ‘ಹಿಂದಿನ ಬಳಕೆದಾರ’ ಎಂದಷ್ಟೇ ಇತ್ತು. ಹುಡುಗ ಒಂದು ಸಣ್ಣ ಪ್ರೋಗ್ರಾಮ್ ಬರೆದು ಪ್ರತಿ ಟಿಪ್ಪಣಿಯನ್ನೂ ಅದರ ಕೆಲಸಕ್ಕೆ ಕೂಡಿಸಿದ, ಹೆಸರನ್ನೂ ಮರಳಿಸಿದ. ಕಾಫಿ ಬಿಟ್ಟು ಬೇರೇನೂ ತೆಗೆದುಕೊಳ್ಳಲಿಲ್ಲ.

ಹೊರಡುವ ಮುನ್ನ ಅವನೇ ಕೇಳಿದ, ‘ಫೋಟೊಗಳು?’ ಹೊಸ ತಂತ್ರಾಂಶದಲ್ಲಿ ಫೋಟೊಗಳು ಚೆನ್ನಾಗಿಯೇ ಕಾಣುತ್ತಿದ್ದವು. ಅವನು ನಕ್ಕ. ‘ಅಲ್ಲಿರೋದು ಫೋಟೊ ಅಲ್ಲ ಸಾರ್, ಫೋಟೊದ ವಿಳಾಸ. ಚಿತ್ರ ಇನ್ನೂ ಹಳೇ ಕಂಪನಿ ಕಂಪ್ಯೂಟರಲ್ಲೇ ಇದೆ. ಜೂನ್ ಒಂದಕ್ಕೆ ನೋಡಿ, ಎಲ್ಲ ಖಾಲಿ ಚೌಕ.’ ರಜೆಯ ಉಳಿದ ದಿನಗಳಲ್ಲಿ ನಾವು ಆರು ಜನ ಹಂಚಿಕೊಂಡು ಒಂದೊಂದೇ ಫೋಟೊ ಇಳಿಸಿದೆವು.

<b>ದೊಡ್ಡ ಮನೆಗಳ ಸ್ಥಳಾಂತರ</b>

ನಮ್ಮದು ನಾನೂರು ಚೀಟಿಯ ಕಥೆ. ಇದೇ ಸರ್ಕಾರ, ಬ್ಯಾಂಕುಗಳಿಗೆ ಬಂದರೆ? 2020ರ ಸೆಪ್ಟೆಂಬರ್ ಕೊನೆಯ ವಾರ ಇಂಗ್ಲೆಂಡಿನಲ್ಲಿ 15,841 ಕೋವಿಡ್ ರೋಗಿಗಳು ಲೆಕ್ಕದಿಂದ ಬಿಟ್ಟುಹೋದರು. ಮಾಹಿತಿಯನ್ನು ಒಂದೆಡೆಯಿಂದ ಇನ್ನೊಂದೆಡೆಗೆ ಸಾಗಿಸುವಾಗ ಹಳೆಯ ಎಕ್ಸೆಲ್ ನಮೂನೆ ಬಳಸಿದ್ದರು. ಅದರಲ್ಲಿ ಹಿಡಿಯುವುದು 65,536 ಸಾಲು ಮಾತ್ರ, ಹೆಚ್ಚಾದದ್ದು ಸದ್ದಿಲ್ಲದೆ ಉದುರಿತು. ಅದೇ ದೇಶದ ಟಿಎಸ್‌ಬಿ ಬ್ಯಾಂಕು 2018ರ ಏಪ್ರಿಲ್‌ನಲ್ಲಿ ಹೊಸ ವ್ಯವಸ್ಥೆಗೆ ಹೋದಾಗ ಸುಮಾರು 19 ಲಕ್ಷ ಗ್ರಾಹಕರು ತಮ್ಮದೇ ಖಾತೆಯ ಬಾಗಿಲ ಹೊರಗೆ ನಿಂತರು.

ನಮ್ಮ ರಾಜ್ಯದ ‘ಭೂಮಿ’ ಯೋಜನೆಯನ್ನು ನಾನು ಈಗ ಬೇರೆಯೇ ಗೌರವದಿಂದ ನೋಡುತ್ತೇನೆ. ಕೈಬರಹದ ಸುಮಾರು ಎರಡು ಕೋಟಿ ಪಹಣಿಗಳು, 67 ಲಕ್ಷ ರೈತರದ್ದು, 2000ದ ಆಸುಪಾಸಿನ ಕೆಲವೇ ವರ್ಷಗಳಲ್ಲಿ ಕಂಪ್ಯೂಟರಿಗೆ ಬಂದವು. ಹೊತ್ತು ತಂದ ಗಂಟಿನಲ್ಲಿ ಹಳೆಯ ತಪ್ಪುಗಳೂ ಇದ್ದವು. ಹೆಸರು, ವಿಸ್ತೀರ್ಣ ತಾಳೆಯಾಗದೆ ಪಹಣಿ ತಿದ್ದುಪಡಿಗೆ ಅಲೆದವರು ನಮ್ಮ ನೆಂಟರಲ್ಲೂ ಇದ್ದಾರೆ. ಆದರೆ ಕೈಬರಹದ ಪುಸ್ತಕದಲ್ಲಿದ್ದ ತಪ್ಪು ಯಾರಿಗೂ ಕಾಣುತ್ತಿರಲಿಲ್ಲ, ಕಂಪ್ಯೂಟರಿನಲ್ಲಿ ಅದು ಎದ್ದು ಕಂಡಿತು.

ನಮ್ಮ ಹೆಬ್ಬಾಳದ ಪಕ್ಕದಲ್ಲೇ ಇನ್ನೊಂದು ಉದಾಹರಣೆಯಿದೆ. ಜಿಕೆವಿಕೆ ಆವರಣದ ರಾಷ್ಟ್ರೀಯ ಜೀವವಿಜ್ಞಾನ ಕೇಂದ್ರದಲ್ಲಿ 2007ರಲ್ಲಿ ‘ಮೈಗ್ರೆಂಟ್‌ವಾಚ್’ ಎಂಬ ಯೋಜನೆ ಶುರುವಾಯಿತು. ವಲಸೆ ಹಕ್ಕಿ ನಿಮ್ಮೂರಿಗೆ ಮೊದಲು ಬಂದ ದಿನವನ್ನು ನೀವು ಬರೆದು ಕಳಿಸಬೇಕು. ಮುಂದೆ ಆ ದಾಖಲೆಗಳು ಅಮೆರಿಕದ ಕಾರ್ನೆಲ್ ಪಕ್ಷಿ ಪ್ರಯೋಗಾಲಯದ ‘ಇ-ಬರ್ಡ್’ ಭಂಡಾರಕ್ಕೆ ಸೇರಿದವು. ಎರಡೂ ಹಕ್ಕಿಯದೇ ಲೆಕ್ಕ, ಆದರೆ ಕೇಳುವ ಪ್ರಶ್ನೆ ಬೇರೆ. ಒಂದಕ್ಕೆ ಬೇಕಾದದ್ದು ಒಂದು ಹಕ್ಕಿ ಬಂದ ದಿನ. ಇನ್ನೊಂದಕ್ಕೆ ನೀವು ಕಂಡ ಎಲ್ಲ ಹಕ್ಕಿಗಳ ಪೂರ್ತಿ ಪಟ್ಟಿ ಸಿಕ್ಕರೆ ಹೆಚ್ಚು ಬೆಲೆ. ಕಂಡದ್ದಷ್ಟೇ ಅಲ್ಲ, ಕಾಣದಿದ್ದುದೂ ಅದಕ್ಕೆ ಮಾಹಿತಿ. ಹಳೆಯ ದಾಖಲೆಯಲ್ಲಿ ಕಾಣದ ಹಕ್ಕಿಗಳ ಬಗ್ಗೆ ಯಾರೂ ಕೇಳಿರಲಿಲ್ಲ, ಅದನ್ನು ಯಾವ ಪ್ರೋಗ್ರಾಮೂ ತುಂಬಿಕೊಡಲಾರದು.

ಈಗ ನಮ್ಮಲ್ಲಿ ಕೆಲವು ಪದ್ಧತಿಗಳಿವೆ. ಪ್ರತಿ ತಿಂಗಳ ಕೊನೆಯ ಶನಿವಾರ ಎರಡೂ ನಮೂನೆಯಲ್ಲಿ ಪಟ್ಟಿಯನ್ನು ಇಳಿಸಿ ಎರಡು ಪೆನ್‌ಡ್ರೈವ್‌ನಲ್ಲಿಡುತ್ತೇವೆ, ಒಂದು ಯಶವಂತಪುರದಲ್ಲಿ, ಒಂದು ನನ್ನ ಮನೆಯಲ್ಲಿ. ಇಳಿಸಿದ ಮೂಲ ಕಡತವನ್ನು ಯಾರೂ ತೆರೆದು ಉಳಿಸುವಂತಿಲ್ಲ, ನೋಡಬೇಕಾದರೆ ಪ್ರತಿ ಮಾಡಿಕೊಂಡು ನೋಡಬೇಕು. ಏನನ್ನಾದರೂ ಸಾಗಿಸುವ ಮುನ್ನ ಹತ್ತು ಚೀಟಿಗಳನ್ನು ಮಾತ್ರ ಕಳಿಸಿ ನೋಡುತ್ತೇವೆ. ಆ ಹತ್ತರಲ್ಲಿ 12ರೊಳಗಿನ ತಾರೀಖಿನದೊಂದು, ಅರ್ಕಾವತ್ತಿನದೊಂದು, ಫೋಟೊ ಇರುವುದೊಂದು, ಉದ್ದನೆಯ ಟಿಪ್ಪಣಿಯದೊಂದು ಇರಲೇಬೇಕು. ಹೊಸ ತಂತ್ರಾಂಶ ಹಣ ಕೇಳುತ್ತದೆ, ಕೊಡುತ್ತಿದ್ದೇವೆ. ಅದೂ ಒಂದು ದಿನ ‘ನಿಮ್ಮೊಂದಿಗಿನ ಪಯಣ’ ಎಂದು ಪತ್ರ ಬರೆಯದೆ ಇರದು.

ಮೇಷ್ಟ್ರ 0.8ರ ಟಿಪ್ಪಣಿಯನ್ನು ಅಚ್ಚು ಹಾಕಿಸಿ ಪ್ರಯೋಗಾಲಯದ ಬೀರುವಿನ ಒಳಬಾಗಿಲಿಗೆ ಅಂಟಿಸಿದ್ದೇವೆ. ವಿದ್ಯಾರ್ಥಿನಿ ನಕ್ಷೆಯನ್ನು ಮತ್ತೆ ಬರೆದಳು. ಬ್ಯಾಂಕ್ ಗೆಳೆಯರು ಮಾತ್ರ ಅಂದಿನಿಂದ ಮೊಬೈಲ್ ಎಬ್ಬಿಸಿದರೂ ಏಳುವುದಿಲ್ಲ, ಮೊದಲು ಗೋಡೆಯ ಮೇಲಿನ ಪಂಚಾಂಗದ ಕ್ಯಾಲೆಂಡರ್ ನೋಡುತ್ತಾರೆ, ಆಮೇಲೆ ನನಗೆ ಫೋನ್ ಮಾಡುತ್ತಾರೆ. ಮೂವತ್ತು ಹೊಂಗೆ ಸಸಿಗಳಲ್ಲಿ ಇಪ್ಪತ್ತೆರಡು ನಮ್ಮ ಮನೆಯ ಬಟ್ಟೆ ಒಗೆದ ನೀರು ಕುಡಿದು ಬದುಕಿ, ಜೂನ್ 5ರಂದು ಶಾಲೆಯ ನೆಲ ಸೇರಿದವು.